ಹೆಸರಿಟ್ಟವರ ಹೆಸರು

ಕಳೆದ ವರ್ಷ ನಮ್ಮ ಸಂಘದ ವಾರ್ಷಿಕೋತ್ಸವದಲ್ಲಿ ಹಳೆಯ ಹಿಂದಿ ಚಿತ್ರಗೀತೆಗಳ ಕಾರ್ಯಕ್ರಮವೊಂದಿತ್ತು. ಕನ್ನಡ ಸಂಘದಲ್ಲಿ ಹಿಂದಿ ಹಾಡೇಕೆ ಎಂದು ಹಿರಿಯರೊಬ್ಬರು ಗೊಣಗಿದರಾದರೂ, ಎರಡನೆಯ ಹಾಡಿನ ಹೊತ್ತಿಗೆ ಅವರೇ ಕಣ್ಣು ಮುಚ್ಚಿ ತಲೆದೂಗುತ್ತ ಕುಳಿತಿದ್ದುದನ್ನು ನಾವು ನೋಡಿದೆವು. ಹಾಡುತ್ತಿದ್ದವಳು ಕಾಲೇಜಿನಲ್ಲಿ ಓದುವ ಹುಡುಗಿ. ಹಾಡು 1961ರ ‘ಭಾಭೀ ಕೀ ಚೂಡಿಯಾಂ’ ಚಿತ್ರದ ‘ಜ್ಯೋತಿ ಕಲಶ್’. ನಿರೂಪಕ ತರುಣ ಅಚ್ಚುಕಟ್ಟಾದ ಕನ್ನಡದಲ್ಲಿ, ಮೂಲ ಗಾಯಕಿ ಲತಾ ಮಂಗೇಶ್ಕರ್, ಸಂಗೀತ ಸುಧೀರ್ ಫಡಕೆ, ನಾಯಕಿ ಮೀನಾಕುಮಾರಿ ಎಂದೆಲ್ಲ ಹೇಳಿ, ‘ಗೀತರಚನೆ...’ ಎಂದು ಕೈಯ ಚೀಟಿಯನ್ನು ಹಿಂದೆ ಮುಂದೆ ತಿರುಗಿಸಿ ನೋಡಿ, ಸುಮ್ಮನೆ ಮುಂದಿನ ಹಾಡಿಗೆ ಹೋಗಿಬಿಟ್ಟ. ಪಕ್ಕದಲ್ಲಿದ್ದ ನಮ್ಮ ಮನೆಯವರು ‘ಯಾರ್ರೀ ಬರೆದದ್ದು?’ ಎಂದು ಕೇಳಿದರು. ನಮಗೂ ಹೊಳೆಯಲಿಲ್ಲ. ನಿರೂಪಕನನ್ನು ದೂರುವ ಮುಖ ನಮಗೆಲ್ಲಿಯದು? ಬುದ್ಧಿ ಬಂದಾಗಿನಿಂದ ಕೇಳುತ್ತ ಬಂದ ಹಾಡು ಅದು.

ಮನೆಗೆ ಬಂದ ಮೇಲೆ ಹುಡುಕಿದೆವು. ಬರೆದವರು ಪಂಡಿತ ನರೇಂದ್ರ ಶರ್ಮಾ. ಹೆಸರು ಸಿಕ್ಕಿತೆಂದು ಅಲ್ಲಿಗೇ ಬಿಟ್ಟಿದ್ದರೆ ಈ ಲೇಖನದ ಪ್ರಸಂಗವೇ ಬರುತ್ತಿರಲಿಲ್ಲ. ಹುಡುಕುತ್ತ ಹೋದಂತೆ ತಿಳಿದದ್ದೇನೆಂದರೆ, ಈ ಒಬ್ಬ ಮನುಷ್ಯ ನಮ್ಮ ಮನೆಗೆ ಒಂದಲ್ಲ, ನಾಲ್ಕು ಬಾಗಿಲುಗಳಿಂದ ಬಂದು ಹೋಗಿದ್ದಾರೆ: ಸಿನಿಮಾದಿಂದ, ರೇಡಿಯೋದಿಂದ, ಕ್ಯಾಸೆಟ್ಟಿನಿಂದ, ಕಡೆಗೆ ದೂರದರ್ಶನದಿಂದ. ನಾಲ್ಕೂ ಸಲ ಸತ್ಕರಿಸಿದ್ದೇವೆ. ಒಮ್ಮೆಯೂ ಹೆಸರು ಕೇಳಿರಲಿಲ್ಲ.

ಅವರು ಹುಟ್ಟಿದ್ದು 1913ರ ಫೆಬ್ರವರಿ 28ರಂದು, ಉತ್ತರ ಪ್ರದೇಶದ ಖುರ್ಜಾ ಬಳಿಯ ಜಹಾಂಗೀರ್‌ಪುರ ಎಂಬ ಹಳ್ಳಿಯಲ್ಲಿ. ಉಪ್ಪಿನಕಾಯಿ ಭರಣಿಗಳನ್ನೂ ಚಹದ ಬಟ್ಟಲುಗಳನ್ನೂ ದೇಶಕ್ಕೆಲ್ಲ ಒದಗಿಸುವ ಖುರ್ಜಾ ಅದು. ಓದಿದ್ದು ಅಲಹಾಬಾದ್ ವಿಶ್ವವಿದ್ಯಾಲಯದಲ್ಲಿ. ಆ ಕಾಲದ ಅಲಹಾಬಾದೆಂದರೆ ಹಿಂದಿ ಕಾವ್ಯಕ್ಕೆ ನಮ್ಮ ಧಾರವಾಡವಿದ್ದಂತೆ. ಪಂತ, ನಿರಾಲಾ, ಮಹಾದೇವಿ ವರ್ಮಾ ಎಲ್ಲರೂ ಅಲ್ಲಿದ್ದವರೇ. ಛಾಯಾವಾದದ ಆ ಹಿರಿಯರ ಬೆನ್ನಿಗೇ ಬಂದ ತರುಣರಲ್ಲಿ ಹರಿವಂಶರಾಯ್ ಬಚ್ಚನ್, ಅಂಚಲ್ ಇವರ ಜೊತೆಗೆ ನರೇಂದ್ರ ಶರ್ಮರ ಹೆಸರನ್ನೂ ಹೇಳುವುದು ವಾಡಿಕೆ. ಕಾಂಗ್ರೆಸ್ಸಿನ ಕಚೇರಿಯಲ್ಲಿ ಕೆಲಸ ಮಾಡಿದರು, ಬ್ರಿಟಿಷರ ಕೈಗೆ ಸಿಕ್ಕು ದೇವಲಿಯ ಬಂದೀ ಶಿಬಿರವನ್ನೂ ಕಂಡರು. 1939ರಲ್ಲಿ ಬಂದ ಅವರ ಕವನ ಸಂಗ್ರಹದ ಹೆಸರು ‘ಪ್ರವಾಸೀ ಕೇ ಗೀತ್’. ಹಿಂದಿಯಲ್ಲಿ ಪ್ರವಾಸಿ ಎಂದರೆ ನಮ್ಮ ಹಾಗೆ ನಾಲ್ಕು ದಿನ ತಿರುಪತಿಗೆ ಹೋಗಿಬರುವವನಲ್ಲ. ಊರು ಬಿಟ್ಟು ಪರಸ್ಥಳದಲ್ಲಿ ನೆಲೆಸಿದವನು. ಈ ಮಾಸಪತ್ರಿಕೆಯ ಓದುಗರಿಗೆ ಇದಕ್ಕಿಂತ ಹೆಚ್ಚಿಗೆ ವಿವರಿಸಬೇಕಾದ್ದಿಲ್ಲ.

ಅವರು ಸ್ವತಃ ಪ್ರವಾಸಿಯಾದದ್ದು ಇದೇ ಮುಂಬಯಿಗೆ ಬಂದು. ಮಲಾಡಿನಲ್ಲಿದ್ದ ಬಾಂಬೆ ಟಾಕೀಸ್ ಆಗ ಇಬ್ಭಾಗವಾಗಿತ್ತು. ಹಿಮಾಂಶು ರಾಯ್ 1940ರಲ್ಲಿ ತೀರಿಕೊಂಡಿದ್ದರು. ಆಡಳಿತ ಅವರ ಪತ್ನಿ ದೇವಿಕಾ ರಾಣಿಯವರ ಕೈಗೆ ಬಂದ ಮೇಲೆ ಅಶೋಕ್ ಕುಮಾರ್, ಶಶಧರ ಮುಖರ್ಜಿ ಮುಂತಾದವರು ಹೊರಬಿದ್ದು ಫಿಲ್ಮಿಸ್ತಾನ್ ಕಟ್ಟಿದರು. ‘ಕಿಸ್ಮತ್’ ಚಿತ್ರಕ್ಕೆ ಹಾಡು ಬರೆದು ಮನೆಮಾತಾಗಿದ್ದ ಕವಿ ಪ್ರದೀಪ್ ಕೂಡ ಅವರೊಂದಿಗೇ ಹೋದರು. ಇಂಥ ಸಂಧಿಕಾಲದಲ್ಲಿ, ‘ಚಿತ್ರಲೇಖಾ’ ಕಾದಂಬರಿಯ ಭಗವತೀಚರಣ ವರ್ಮಾ ತಮ್ಮ ಗೆಳೆಯ ನರೇಂದ್ರ ಶರ್ಮರನ್ನು ಮುಂಬಯಿಗೆ ಕರೆತಂದರು. 1943ರ ‘ಹಮಾರೀ ಬಾತ್’ ಚಿತ್ರಕ್ಕೆ ಹಾಡುಗಳನ್ನು ಬರೆದರು. ಸಂಗೀತ ಅನಿಲ್ ಬಿಸ್ವಾಸ್ ಅವರದು. ಮರುವರ್ಷ ‘ಜ್ವಾರ್ ಭಾಟಾ’. ಯೂಸುಫ್ ಖಾನ್ ಎಂಬ ಹಣ್ಣಿನ ವ್ಯಾಪಾರಿಯ ಮಗ ದಿಲೀಪ್ ಕುಮಾರ್ ಆದದ್ದು ಈ ಚಿತ್ರದಲ್ಲಿ. ಆ ಹೆಸರನ್ನು ಸೂಚಿಸಿದವರು ನರೇಂದ್ರ ಶರ್ಮರೇ ಎಂದು ಹೇಳುವವರಿದ್ದಾರೆ. ದಿಲೀಪ್ ಕುಮಾರರು ತಮ್ಮ ಆತ್ಮಕಥೆಯಲ್ಲಿ ಅದರ ಶ್ರೇಯಸ್ಸನ್ನು ದೇವಿಕಾ ರಾಣಿಯವರಿಗೆ ಕೊಟ್ಟಿರುವುದರಿಂದ ನಾವು ಅದನ್ನೇ ಒಪ್ಪುವುದು ಮರ್ಯಾದೆ. ಹೆಸರಿಡುವ ಖ್ಯಾತಿಯಂತೂ ಪಂಡಿತರಿಗೆ ಅಂದಿನಿಂದಲೇ ಅಂಟಿಕೊಂಡಿತ್ತೆಂದು ಕಾಣುತ್ತದೆ.

ಚಿತ್ರರಂಗದಲ್ಲಿ ಅವರು ಮೂಟೆಗಟ್ಟಲೆ ಬರೆದವರಲ್ಲ. 1950ರ ‘ಅಫ್ಸರ್’ ಚಿತ್ರವನ್ನು ಇಲ್ಲಿ ನೆನೆಯದೆ ಮುಂದೆ ಹೋಗಲು ನಮಗೆ ಮನಸ್ಸಿಲ್ಲ. ಅದಕ್ಕೆ ನಮ್ಮ ಉದ್ಯೋಗವೇ ಕಾರಣ. ದೇವ್ ಆನಂದ್ ಸೋದರರ ನವಕೇತನ್ ಸಂಸ್ಥೆಯ ಮೊದಲ ಚಿತ್ರ, ಕಥೆ ರಷ್ಯದ ಗೊಗೊಲ್‌ನ ‘ಇನ್ಸ್‌ಪೆಕ್ಟರ್ ಜನರಲ್’ ನಾಟಕದ್ದು. ಯಾರೋ ಒಬ್ಬ ಬಡಪಾಯಿಯನ್ನು ಮೇಲಿನ ಕಚೇರಿಯಿಂದ ತನಿಖೆಗೆ ಬಂದ ಸಾಹೇಬನೆಂದು ತಿಳಿದು ಊರಿನ ಅಧಿಕಾರಿಗಳೆಲ್ಲ ನಡುಗುವ ಕಥೆ. ಕೇಂದ್ರ ಸರ್ಕಾರದ ಯಾವುದೇ ಕಚೇರಿಯಲ್ಲಿ ಲೆಕ್ಕ ತಪಾಸಣೆಯ ತಂಡ ಬರುವ ಹಿಂದಿನ ದಿನ ಕುಳಿತು ನೋಡಿದವರಿಗೆ ಗೊಗೊಲ್ ಉತ್ಪ್ರೇಕ್ಷೆ ಮಾಡಿದನೆಂದು ಅನ್ನಿಸದು. ಅದರ ಹಾಡುಗಳು ಶರ್ಮರವು, ಸಂಗೀತ ಎಸ್. ಡಿ. ಬರ್ಮನ್, ಕಂಠ ಸುರೈಯಾ. ಎರಡು ವರ್ಷದ ಮೇಲೆ ಅದೇ ಸಂಸ್ಥೆಯ ‘ಆಂಧಿಯಾಂ’ಗೂ ಬರೆದರು, ಅದಕ್ಕೆ ಸಂಗೀತ ಕೊಟ್ಟವರು ಸರೋದ್ ಮಾಂತ್ರಿಕ ಅಲಿ ಅಕ್ಬರ್ ಖಾನ್.

ಈಗ ರೇಡಿಯೋ. ಇಲ್ಲಿ ಸ್ವಲ್ಪ ಹಿಂದಕ್ಕೆ ಹೋಗಬೇಕು. 1952ರಲ್ಲಿ ವಾರ್ತಾ ಮತ್ತು ಪ್ರಸಾರ ಸಚಿವರಾದ ಬಿ. ವಿ. ಕೇಸ್ಕರ್ ಅವರು ಶಾಸ್ತ್ರೀಯ ಸಂಗೀತದ ಕಟ್ಟಾ ಅಭಿಮಾನಿ. ಸಿನಿಮಾ ಹಾಡೆಂದರೆ ಅವರಿಗೆ ಅಷ್ಟಕ್ಕಷ್ಟೆ. ಆಕಾಶವಾಣಿಯಲ್ಲಿ ಚಿತ್ರಗೀತೆಗಳ ಪ್ರಮಾಣವನ್ನು ಕಡಿತಗೊಳಿಸಿದರು. ಅದಾದರೂ ಹೋಗಲಿ ಎನ್ನಬಹುದಿತ್ತು. ಮುಖ್ಯ ಜಗಳ ಹುಟ್ಟಿದ್ದು ಹೆಸರಿನ ವಿಷಯದಲ್ಲಿ. ಹಾಡಿನ ಜೊತೆಗೆ ಚಿತ್ರದ ಹೆಸರು ಹೇಳಿದರೆ ಅದು ನಿರ್ಮಾಪಕನಿಗೆ ಬಿಟ್ಟಿ ಜಾಹೀರಾತಾದೀತೆಂದು ಆಕಾಶವಾಣಿ ಹೆಸರು ಹೇಳುವುದನ್ನೇ ನಿಲ್ಲಿಸಿತು. ನಿರ್ಮಾಪಕರು ಸಿಟ್ಟಾಗಿ ಹಾಡುಗಳನ್ನು ಪ್ರಸಾರ ಮಾಡುವ ಹಕ್ಕನ್ನೇ ಹಿಂದಕ್ಕೆ ಪಡೆದರು. ಸರ್ಕಾರಿ ರೇಡಿಯೋದಿಂದ ಚಿತ್ರಗೀತೆ ಮಾಯವಾಯಿತು. ಲಾಭವಾದದ್ದು ರೇಡಿಯೋ ಸಿಲೋನಿಗೆ. ಅದೇ 1952ರ ಡಿಸೆಂಬರಿನಲ್ಲಿ ಅಮೀನ್ ಸಯಾನಿಯವರ ‘ಬಿನಾಕಾ ಗೀತಮಾಲಾ’ ಕೊಲಂಬೋದಿಂದ ಶುರುವಾಯಿತು. ದೇಶವೆಲ್ಲ ಮುಳ್ಳನ್ನು ಆ ಕಡೆಗೆ ತಿರುಗಿಸಿತು.

ಕಳೆದುಹೋದ ಕಿವಿಗಳನ್ನು ಮರಳಿ ಪಡೆಯಲು ಸರ್ಕಾರಕ್ಕೆ ಐದು ವರ್ಷ ಬೇಕಾಯಿತು. 1957ರ ಅಕ್ಟೋಬರ್ 3ರಂದು ಆಕಾಶವಾಣಿಯ ಹೊಸ ಮನರಂಜನಾ ಸೇವೆ ಪ್ರಾರಂಭವಾಯಿತು. ಸ್ವಾರಸ್ಯವೆಂದರೆ, ಆಗಲೂ ಸಚಿವರು ಕೇಸ್ಕರ್ ಅವರೇ. ಮುಂಬಯಿ ಮತ್ತು ಮದ್ರಾಸಿನ ಎರಡು ಪ್ರಬಲ ಶಾರ್ಟ್‌ವೇವ್ ಪ್ರೇಷಕಗಳಿಂದ ಅದು ದೇಶಕ್ಕೆಲ್ಲ ಕೇಳುತ್ತಿತ್ತು. ಅದನ್ನು ರೂಪಿಸುವ ಹೊಣೆ ಹೊತ್ತವರಲ್ಲಿ ಪ್ರಮುಖರಾಗಿ ನೇಮಕಗೊಂಡವರು ನರೇಂದ್ರ ಶರ್ಮಾ. ಸರ್ಕಾರದ ಕಾಗದಪತ್ರಗಳಲ್ಲಿ ಆ ಯೋಜನೆಗಿದ್ದ ಹೆಸರು ‘ಆಲ್ ಇಂಡಿಯಾ ವೆರೈಟಿ ಪ್ರೋಗ್ರಾಂ’.

ಇಲ್ಲಿ ನಮ್ಮ ಅನುಭವದಿಂದ ಒಂದು ಮಾತು. ಇಂಗ್ಲಿಷಿನ ಇಂಥ ಹೆಸರೊಂದನ್ನು ಭಾಷಾಂತರಿಸಿ ಕೊಡಿರೆಂದು ನಮ್ಮಂಥ ಗುಮಾಸ್ತರ ಮೇಜಿಗೆ ಬಂದರೆ ಏನಾಗುತ್ತದೆಂದು ನಮಗೆ ಗೊತ್ತು. ‘ಅಖಿಲ ಭಾರತೀಯ ವೈವಿಧ್ಯಪೂರ್ಣ ಕಾರ್ಯಕ್ರಮ’ ಎಂದು ಬರೆದು, ಮೂರು ಮೇಜುಗಳ ಸಹಿ ಮಾಡಿಸಿ, ಕಡತವನ್ನು ಮುಗಿಸುತ್ತಿದ್ದೆವು. ತಪ್ಪೇನೂ ಇರುತ್ತಿರಲಿಲ್ಲ, ಯಾರ ಬಾಯಲ್ಲೂ ನಿಲ್ಲುತ್ತಲೂ ಇರಲಿಲ್ಲ. ಪಂಡಿತರು ಎರಡೇ ಮಾತಿನಲ್ಲಿ ‘ವಿವಿಧ ಭಾರತಿ’ ಎಂದರು. ಭಾರತಿ ಎಂದರೆ ಭಾರತಕ್ಕೆ ಸಂಬಂಧಿಸಿದ್ದು ಎಂದೂ ಆಯಿತು, ವಾಗ್ದೇವಿ ಸರಸ್ವತಿ ಎಂದೂ ಆಯಿತು. ಹಿಂದಿಯವನಿಗೆ ಅದು ಹಿಂದಿ, ಬಂಗಾಳಿಗೆ ಬಂಗಾಳಿ, ಕನ್ನಡಿಗನಿಗೆ ಶುದ್ಧ ಕನ್ನಡ. ಅನುವಾದಿಸಬೇಕಾದ ಅಗತ್ಯವೇ ಬೀಳದ ಅನುವಾದ. ‘ಹವಾಮಹಲ್’, ‘ಬೇಲಾ ಕೇ ಫೂಲ್’ ಮೊದಲಾದ ಕಾರ್ಯಕ್ರಮಗಳಿಗೂ ಅವರೇ ಹೆಸರಿಟ್ಟರೆಂದು ಹೇಳುತ್ತಾರೆ. ಮೊದಲ ದಿನದ ಮೊದಲ ಹಾಡನ್ನೂ ಅವರೇ ಬರೆದರು. ನವಿಲನ್ನು ಕುಣಿಯೆಂದು ಕರೆಯುವ ಹಾಡು. ರಾಗ ಹಾಕಿದವರು ಹಳೆಯ ಸ್ನೇಹಿತ ಅನಿಲ್ ಬಿಸ್ವಾಸ್, ಹಾಡಿದವರು ಮನ್ನಾ ಡೇ. ಸಿನಿಮಾದಲ್ಲಿ ಪಳಗಿದ ಮೂವರು, ಸಿನಿಮಾಕ್ಕಲ್ಲದೆ ಸರ್ಕಾರಕ್ಕಾಗಿ ಮಾಡಿದ ಹಾಡು ಅದು.

ನಮ್ಮ ತಂದೆಯವರು ಗದಗಿನ ಕಡೆಯಿಂದ 1960ರ ದಶಕದ ಕೊನೆಯಲ್ಲಿ ಮುಂಬಯಿಗೆ ಬಂದಾಗ ಮೊದಲ ವರ್ಷದ ಉಳಿತಾಯದಲ್ಲಿ ಕೊಂಡದ್ದು ಒಂದು ಟ್ರಾನ್ಸಿಸ್ಟರ್. ಅವರಿಗೆ ಹಿಂದಿ ಬಂದದ್ದು ಕಚೇರಿಯಿಂದಲ್ಲ, ವಿವಿಧ ಭಾರತಿಯಿಂದ. ತಾಯಿಯವರದಂತೂ ಇನ್ನೂ ಸ್ವಾರಸ್ಯ. ಮದುವೆಯಾಗಿ ಬಂದ ಹೊಸತರಲ್ಲಿ ಅವರಿಗೆ ಹಿಂದಿ ಒಂದಕ್ಷರವೂ ತಿಳಿಯದು. ‘ದಿಲ್’, ‘ಜಿಗರ್’, ‘ಮೊಹಬ್ಬತ್’ ಎಂಬವೆಲ್ಲ ಪಕ್ಕದ ಮನೆಯ ಹೆಸರುಗಳಂತೆ ಕೇಳಿಸುತ್ತಿದ್ದುವಂತೆ. ಆದರೆ ಆ ‘ಜ್ಯೋತಿ ಕಲಶ್’ ಬಂದಾಗ ಮಾತ್ರ, ‘ಇದು ನನಗೆ ತಿಳೀತದ’ ಎಂದರಂತೆ. ಏಕೆಂದರೆ ಜ್ಯೋತಿ ಅವರದೇ, ಕಲಶವೂ ಅವರದೇ. ಪಂಡಿತರ ಹಿಂದಿ ಸಂಸ್ಕೃತದ ಕಡೆಗೆ ವಾಲಿದ್ದು. ಉರ್ದು ಗಜಲುಗಳ ಘಮಲು ತುಂಬಿದ್ದ ಅಂದಿನ ಚಿತ್ರರಂಗದಲ್ಲಿ ಅದು ಅವರಿಗೆ ಅಡ್ಡಿಯೂ ಆಗಿರಬೇಕು. ಸಾಹಿರ್, ಮಜರೂಹ್, ಶಕೀಲ್ ಇವರ ಸೊಗಸೇ ಬೇರೆ, ಅದನ್ನು ಕಡಿಮೆ ಮಾಡಿ ಹೇಳುವುದಿಲ್ಲ. ಆದರೆ ಉರ್ದುವಿನ ಪರಿಚಯವಿಲ್ಲದ ದಕ್ಷಿಣದ ಹೆಣ್ಣುಮಗಳೊಬ್ಬಳಿಗೆ ಮುಂಬಯಿಯ ಚಾಳಿನಲ್ಲಿ ಹಿಂದಿಯ ಬಾಗಿಲು ತೆರೆದದ್ದು ಆ ತತ್ಸಮ ಪದಗಳು. ಅದೇ ಚಿತ್ರಕ್ಕೆ ಹಿನ್ನೆಲೆಯಾಗಿ ‘ವಹಿನೀಂಚ್ಯಾ ಬಾಂಗಡ್ಯಾ’ ಎಂಬ ಮರಾಠಿ ಚಿತ್ರವಿತ್ತು. ಸಂಗೀತ ಕೊಟ್ಟ ಫಡಕೆಯವರೂ ಮರಾಠಿಗರೇ. ಹಾಡಿನ ರಾಗ ಭೂಪಾಲಿ ಎಂದು ಕೆಲವರು, ಪ್ರಾತಃಕಾಲದ ದೇಶಕಾರ್ ಎಂದು ಕೆಲವರು ವಾದಿಸುತ್ತಾರೆ. ಎರಡಕ್ಕೂ ಸ್ವರಗಳು ಅವೇ ಐದು, ನಮ್ಮ ಕರ್ನಾಟಕ ಪದ್ಧತಿಯವರ ಮೋಹನ. ಅಂತೂ ಬೆಳಗಿನ ಹಾಡು.

ನಮ್ಮ ಗದಗಿನ ಕಡೆ ‘ಹೆಸರಿಡುವುದು’ ಎಂದರೆ ಕೊಂಕು ತೆಗೆಯುವುದು ಎಂಬ ಅರ್ಥವೂ ಉಂಟು. ಆ ಅರ್ಥದಲ್ಲಿ ಪಂಡಿತರಿಗೆ ಹೆಸರಿಟ್ಟವರೂ ಇದ್ದಾರೆ. ಒಳ್ಳೆಯ ಕವಿ ಸಿನಿಮಾಕ್ಕೆ ಹೋಗಿ ಕೆಟ್ಟ, ಆಮೇಲೆ ಸರ್ಕಾರಿ ನೌಕರಿ ಹಿಡಿದು ಮತ್ತೂ ಕೆಟ್ಟ ಎನ್ನುವುದು ಸಾಹಿತ್ಯವಲಯಗಳಲ್ಲಿ ಹಳೆಯ ಮಾತು, ಕನ್ನಡದಲ್ಲೂ ಕೇಳಿದ್ದೇವೆ. ಇದರಲ್ಲಿ ಸ್ವಲ್ಪ ಸತ್ಯವಿದೆಯೆಂದು ಒಪ್ಪಬೇಕು. ದಿನದ ಎಂಟು ಗಂಟೆ ಕಡತ, ಸಭೆ, ಟಿಪ್ಪಣಿಗಳಿಗೆ ಕೊಟ್ಟವನ ಕವಿತೆಯ ಲೆಕ್ಕ ಕಡಿಮೆಯಾಗದೆ ಇರದು. ನಾವೂ ಊಟದ ವಿರಾಮದಲ್ಲಿ ಇಂಥ ಲೇಖನಗಳನ್ನು ಗೀಚುವವರೇ. ‘ಕಚೇರಿ ಕೆಲಸ ಮುಗಿಯಿತೇನು?’ ಎಂಬ ಮೇಲಧಿಕಾರಿಯ ದನಿ ಕೇಳಿಸಿದೊಡನೆ ಹಾಳೆಯನ್ನು ಡ್ರಾಯರಿಗೆ ತಳ್ಳಿದ್ದುಂಟು. ಆದರೆ ಇನ್ನೊಂದು ಲೆಕ್ಕವೂ ಇದೆ. ‘ವಿವಿಧ ಭಾರತಿ’ ಎಂಬ ಎರಡು ಪದಗಳು ಎಷ್ಟು ಸಾವಿರ ದಿನ, ಎಷ್ಟು ಕೋಟಿ ಮನೆಗಳಲ್ಲಿ ಉಚ್ಚರಿತವಾಗಿವೆ! ಯಾವ ಕವನ ಸಂಗ್ರಹದ ಯಾವ ಸಾಲಿಗೆ ಆ ಭಾಗ್ಯ? ಆ ಎರಡು ಪದಗಳ ಕೆಳಗೆ ಕವಿಯ ಅಂಕಿತವಿಲ್ಲ, ನಿಜ. ಸರ್ಕಾರಿ ಕೆಲಸದಲ್ಲಿ ಕರಡು ಬರೆದವನ ಹೆಸರು ಎಲ್ಲಿರುತ್ತದೆ? ಅಂತಿಮ ಪ್ರತಿಯ ಕೆಳಗೆ ಬೇರೆಯವರ ಸಹಿ.

ವಯಸ್ಸಾದ ಮೇಲೆ ಸಿನಿಮಾ ಅವರನ್ನು ಮತ್ತೆ ಹುಡುಕಿಕೊಂಡು ಬಂತು. 1978ರಲ್ಲಿ ರಾಜ್ ಕಪೂರ್ ‘ಸತ್ಯಂ ಶಿವಂ ಸುಂದರಂ’ ತೆಗೆದಾಗ ಶೀರ್ಷಿಕೆ ಗೀತೆಯನ್ನೂ, ಬಾಲಕೃಷ್ಣನು ಯಶೋದೆಯನ್ನು ಪ್ರಶ್ನಿಸುವ ಹಾಡನ್ನೂ ಇವರಿಂದ ಬರೆಸಿದರು. ಚಿತ್ರವನ್ನು ಕುರಿತು ಆಗ ಏಳಬಾರದ ಗದ್ದಲವೆಲ್ಲ ಎದ್ದಿತು. ಹಾಡುಗಳು ಮಾತ್ರ ಆ ಗದ್ದಲವನ್ನು ದಾಟಿ ಭಜನಾ ಮಂಡಳಿಗಳೊಳಕ್ಕೆ ಹೊಕ್ಕವು. ಶ್ರಾವಣದಲ್ಲಿ ಕೃಷ್ಣನ ಮುಂದೆ ಕುಳಿತು ಅದನ್ನು ಹಾಡುವ ನಮ್ಮ ಸೋದರತ್ತೆಗೆ ಅದು ಸಿನಿಮಾದ್ದೆಂದು ಹೇಳಿದರೆ ಇಂದಿಗೂ ನಂಬುವುದಿಲ್ಲ.

1982ರಲ್ಲಿ ದೆಹಲಿಯಲ್ಲಿ ಏಷ್ಯನ್ ಕ್ರೀಡೆಗಳು ನಡೆದುವು. ದೇಶಕ್ಕೆ ಬಣ್ಣದ ದೂರದರ್ಶನ ಬಂದದ್ದೂ ಅದೇ ವರ್ಷ. ನವೆಂಬರ್ 19ರ ಉದ್ಘಾಟನೆಯಲ್ಲಿ ಅತಿಥಿಗಳನ್ನು ಎದುರುಗೊಂಡ ಸ್ವಾಗತ ಗೀತೆಗೆ ಪಂಡಿತ ರವಿಶಂಕರರ ಸಂಗೀತ, ಪಂಡಿತ ನರೇಂದ್ರ ಶರ್ಮರ ಸಾಹಿತ್ಯ. ಅಂದು ಟಿವಿಯ ಮುಂದಿದ್ದವರಿಗೆ ಆನೆಮರಿ ಅಪ್ಪು ನೆನಪಿರಬಹುದು, ಹಾಡಿನ ರಾಗವೂ ನೆನಪಿರಬಹುದು.

ನಮ್ಮ ಮನೆಗೆ ಅವರು ತೀರ ಹತ್ತಿರದಿಂದ ಬಂದದ್ದು 1985ರ ‘ರಾಮ ಶ್ಯಾಮ ಗುಣಗಾನ’ದಲ್ಲಿ. ಹಾಡಿದವರು ಲತಾ ಮಂಗೇಶ್ಕರ್ ಮತ್ತು ನಮ್ಮ ಗದಗಿನ ಭೀಮಸೇನ ಜೋಶಿ, ಸಂಗೀತ ಶ್ರೀನಿವಾಸ ಖಳೆ. ಭೀಮಣ್ಣನವರ ಹೆಸರಿರುವ ಕ್ಯಾಸೆಟ್ಟೆಂದ ಮೇಲೆ ತಂದೆಯವರು ಕೊಳ್ಳದಿರುವುದುಂಟೆ? ‘ನಮ್ಮ ಊರಿನವ್ರು’ ಎಂದು ಅಕ್ಕಪಕ್ಕದ ಮರಾಠಿ ಮನೆಯವರಿಗೆಲ್ಲ ಕೇಳಿಸುವಷ್ಟು ಗಟ್ಟಿಯಾಗಿ ಹಚ್ಚುತ್ತಿದ್ದರು. ಅವರಾದರೋ, ಪುಣೆಯಲ್ಲಿ ನೆಲೆಸಿದ ಮೇಲೆ ಭೀಮಸೇನರು ತಮ್ಮವರೇ ಎಂದು ವಾದಕ್ಕಿಳಿಯುತ್ತಿದ್ದರು. ಆ ವಾದ ಎಷ್ಟೋ ಭಾನುವಾರ ನಡೆದದ್ದನ್ನು ಕೇಳುತ್ತ ನಾವು ಬೆಳೆದೆವು. ಕನ್ನಡಿಗರೋ ಮರಾಠಿಗರೋ ಎಂಬ ಆ ಜಗ್ಗಾಟದಲ್ಲಿ, ಇಬ್ಬರೂ ಬಾಯಿಪಾಠ ಮಾಡಿಕೊಂಡಿದ್ದ ಆ ಮಾತುಗಳನ್ನು ಬರೆದವರು ಖುರ್ಜಾ ಕಡೆಯ ಒಬ್ಬ ಹಿಂದಿಗರೆಂಬುದು ಯಾರಿಗೂ ನೆನಪಾಗಲಿಲ್ಲ.

ಕಡೆಯ ಬಾಗಿಲು ದೂರದರ್ಶನದ್ದು. ಬಿ. ಆರ್. ಚೋಪ್ರಾ ಅವರ ‘ಮಹಾಭಾರತ’ 1988ರ ಅಕ್ಟೋಬರ್ 2ರಂದು ಪ್ರಾರಂಭವಾದಾಗ ನಾವು ಶಾಲೆಗೆ ಹೋಗುವ ಹುಡುಗರು. ಚಿತ್ರಕಥೆ, ಸಂಭಾಷಣೆ ಡಾ. ರಾಹಿ ಮಾಸೂಮ್ ರಜಾ ಅವರದು. ಗೀತೆಗಳನ್ನು ಬರೆದು, ಇಡೀ ಧಾರಾವಾಹಿಗೆ ಸಲಹೆಗಾರರಾಗಿ ನಿಂತವರು ನರೇಂದ್ರ ಶರ್ಮಾ. ದ್ರೌಪದಿಯ ಮೇಲೆ ಖಂಡಕಾವ್ಯವನ್ನೇ ಬರೆದಿದ್ದ ಅವರಿಗೆ ಅದು ಹೊಸ ವಿಷಯವೇನಲ್ಲ. ರಾಜಕಮಲ್ ಅವರ ಸಂಗೀತದಲ್ಲಿ ಮಹೇಂದ್ರ ಕಪೂರ್ ಏರುದನಿಯಲ್ಲಿ ಶೀರ್ಷಿಕೆ ಗೀತೆಯನ್ನು ಎತ್ತಿಕೊಂಡರೆ ಸಾಕು, ನಮ್ಮ ಚಾಳಿನ ಸಾರ್ವಜನಿಕ ನಲ್ಲಿಯ ಮುಂದಿನ ಕೊಡಗಳ ಸಾಲು ಒಡೆಯತಿಯರಿಲ್ಲದೆ ಅನಾಥವಾಗುತ್ತಿತ್ತು. ನೀರು ಬರುವುದೂ ಅದೇ ಹೊತ್ತಿಗೆ. ಯಾವುದನ್ನು ಬಿಡುವುದು ಎಂಬ ಧರ್ಮಸಂಕಟದಲ್ಲಿ ಪ್ರತಿ ಭಾನುವಾರವೂ ನೀರೇ ಸೋಲುತ್ತಿತ್ತು.

ಆ ಧಾರಾವಾಹಿಯನ್ನು ಪೂರ್ತಿ ನೋಡುವುದು ಪಂಡಿತರ ಪಾಲಿಗೆ ಬರಲಿಲ್ಲ. 1989ರ ಫೆಬ್ರವರಿ 11ರಂದು ಮುಂಬಯಿಯಲ್ಲಿ ತೀರಿಕೊಂಡರು. ಕಥೆ ಮುಗಿಯಲು ಇನ್ನೂ ಹದಿನಾರು ತಿಂಗಳಿತ್ತು; ಕುರುಕ್ಷೇತ್ರ ಬಲು ದೂರ. ಅವರು ಹೋದ ವಾರವೂ ನಾವು ಎಂದಿನಂತೆ ಟಿವಿಯ ಮುಂದೆ ಕುಳಿತು ಅವರದೇ ಹಾಡನ್ನು ಕೇಳಿರಬೇಕು. 2020ರ ಲಾಕ್‌ಡೌನಿನಲ್ಲಿ ಅದೇ ಧಾರಾವಾಹಿ ಮತ್ತೆ ಪ್ರಸಾರವಾಯಿತು. ಮಾರ್ಚ್ ಕೊನೆಯಿಂದ, ಡಿಡಿ ಭಾರತಿ ವಾಹಿನಿಯಲ್ಲಿ. ಮಗನನ್ನು ಪಕ್ಕದಲ್ಲಿ ಕೂರಿಸಿಕೊಂಡು ಮೊದಲಿನಿಂದ ಕಡೆಯವರೆಗೆ ನೋಡಿದೆವು. ಹೆಸರುಗಳು ಬರುವಾಗ ಮಾತ್ರ, ನಿಜ ಹೇಳುತ್ತೇವೆ, ಎದ್ದು ಚಹಕ್ಕೆ ನೀರಿಡಲು ಹೋಗುತ್ತಿದ್ದೆವು.

ಈ ವರ್ಷದ ವಾರ್ಷಿಕೋತ್ಸವಕ್ಕೂ ಹಳೆಯ ಹಾಡುಗಳ ಕಾರ್ಯಕ್ರಮವಿದೆ. ಹಾಡುವವರು ತುಂಬಿ ಕೊಡಬೇಕಾದ ಅರ್ಜಿಯನ್ನು ತಯಾರಿಸುವ ಕೆಲಸವನ್ನು ನಮಗೆ ವಹಿಸಿದ್ದಾರೆ. ಸಂಘದಲ್ಲಿ ಕಾಲಂ ಎಳೆಯುವ ಕೆಲಸ ಬಂದರೆಲ್ಲ ಅದು ನಮ್ಮ ಕಡೆಗೇ ಬರುವುದು ರೂಢಿ. ಹಾಡು, ಚಿತ್ರ, ಗಾಯಕರು, ಸಂಗೀತ ಎಂದು ಹಿಂದಿನಿಂದ ನಾಲ್ಕು ಕಾಲಂಗಳಿದ್ದವು. ಐದನೆಯದೊಂದನ್ನು ಸೇರಿಸಿ ‘ಗೀತರಚನೆ’ ಎಂದು ಬರೆದೆವು. ಕಾರ್ಯದರ್ಶಿಗಳು ನೋಡಿ, ‘ಇಷ್ಟಕ್ಕೆಲ್ಲ ಕಾಗದದಲ್ಲಿ ಜಾಗ ಸಾಲೋದಿಲ್ಲ ರಾಯರೇ’ ಎಂದರು. ಕಾಗದವನ್ನು ಅಡ್ಡ ಹಿಡಿದರೆ ಸಾಲುತ್ತದೆ ಎಂದು ತಿರುಗಿಸಿ ತೋರಿಸಿದೆವು.